ಪ್ರಕಟಿಸಿದವರು: ಅಡ್ಮಿನ್

ಕಾಲೇಜಿನ ಬ್ಲಾಗು ನಿಂತು ಹನ್ನೊಂದು ದಿನವಾದ ಮೇಲೆ ಪ್ರಾಂಶುಪಾಲರು ನನಗೆ ಫೋನ್ ಮಾಡಿದರು. ನಾನು ನಿವೃತ್ತನಾಗಿ ಆಗಲೇ ಎರಡು ವರ್ಷ. ಪಾರ್ವತಿನಗರದ ಮನೆಯಲ್ಲಿ ಬೆಳಗಿನ ಪೇಪರು, ಮಧ್ಯಾಹ್ನದ ನಿದ್ದೆ, ಸಂಜೆ ಒಂದು ಸುತ್ತು ನಡಿಗೆ, ಇಷ್ಟೇ ಕೆಲಸ. "ಸರ, ಮುಂದಿನ ವಾರ ತಪಾಸಣೆ ಸಮಿತಿ ಬರತೈತಿ. ಬ್ಲಾಗ್ ಓಪನ್ ಆಗವಲ್ದು. ನೀವ ಕಟ್ಟಿದ್ದಲ್ರಿ, ಒಂದ್ಸಲ ಬಂದು ನೋಡ್ರಿ," ಎಂದರು. ಬರುತ್ತೇನೆ ಎಂದೆ. ಅಷ್ಟು ವರ್ಷ ಕಂಪ್ಯೂಟರ್ ವಿಭಾಗದ ಮುಖ್ಯಸ್ಥನೆಂದು ಮೆರೆದವನಿಗೆ, ಆ ಬ್ಲಾಗು ಹೇಗೆ ನಡೆಯುತ್ತದೆಂದೇ ನನಗೆ ಗೊತ್ತಿಲ್ಲ ಎಂದು ಹೇಳುವ ಧೈರ್ಯ ಆಗಲೂ ಬರಲಿಲ್ಲ.

ಲ್ಯಾಬಿನ ಬೀಗ ತೆಗೆದವಳು ಅಟೆಂಡರ್ ಹುಲಿಗೆಮ್ಮ. ಮೂಲೆಯ ಕಂಪ್ಯೂಟರಿನ ಮುಂದೆ ಕುಳಿತು ನಾನು ಅದನ್ನೂ ಇದನ್ನೂ ಒತ್ತುವುದನ್ನು ಸ್ವಲ್ಪ ಹೊತ್ತು ನಿಂತು ನೋಡಿದಳು.

"ಅದಲ್ರಿ ಸರ. ಕರೆಂಟ್ ಹೋಗಿ ಬಂದ್ರ ಆ ಹಸಿರು ಬಾಣ ಒತ್ತಬೇಕು. ಮೇಡಂ ಫೋನ್ ಮಾಡಿ ಹೇಳತಿದ್ರು, ನಾ ಒತ್ತತಿದ್ದೆ. ಉಳಿದದ್ದು ಅವರು ಕುರುಗೋಡಿನಿಂದ ಮಾಡ್ಕೋತಿದ್ರು."

"ಯಾವ ಮೇಡಂ?" ಎಂದೆ. ಕೇಳುವ ಅಗತ್ಯವಿರಲಿಲ್ಲ.

"ನಮ್ಮ ಮೇಡಂರಿ. ಇಲ್ಲಿಂದ ಹೋಗಿ ನಾಕು ವರ್ಷ ಆದ್ರೂ ತಪ್ಪದಂಗ ಫೋನ್ ಬರತಿತ್ತು. ದವಾಖಾನಿಯಾಗ ಮಲಗಿದ್ದಾಗೂ ಎರಡು ಸಲ ಮಾಡಿದ್ರು. ಈ ಸಲ ಬರಲಿಲ್ಲ." ಅವಳು ಸೆರಗಿನಿಂದ ಕೀಲಿಮಣೆಯ ಧೂಳು ಒರೆಸಿದಳು. "ಅವರು ಹೋಗಿ ಹದಿಮೂರು ದಿನ ಆತ್ರಿ ಸರ. ನಿಮಗ ಯಾರೂ ಹೇಳಲಿಲ್ಲೇನ್ರಿ?"

ಹೇಳಿರಲಿಲ್ಲ. ಅವರು ತೀರಿಕೊಂಡ ಆಸ್ಪತ್ರೆ ನಮ್ಮ ಮನೆಯಿಂದ ಆಟೋದಲ್ಲಿ ಹತ್ತು ನಿಮಿಷದ ದಾರಿ. ನನಗೆ ಹೇಳಬೇಕೆಂದು ಯಾರಿಗೂ ಅನ್ನಿಸಿರಲಿಲ್ಲ, ಅದರಲ್ಲಿ ಅವರ ತಪ್ಪೇನೂ ಇಲ್ಲ.

ಮೇಡಂ ನಮ್ಮ ವಿಭಾಗದಲ್ಲಿ ಹದಿನಾಲ್ಕು ವರ್ಷ ಪಾರ್ಟ್ ಟೈಮ್ ಅಧ್ಯಾಪಕಿಯಾಗಿದ್ದರು. ಪ್ರತಿ ವರ್ಷ ಬೇಸಿಗೆಯಲ್ಲಿ ಕೆಲಸ ಹೋಗುತ್ತಿತ್ತು, ತರಗತಿ ಶುರುವಾದಾಗ ಮತ್ತೆ ಬರುತ್ತಿತ್ತು. ಕುರುಗೋಡಿನಿಂದ ಬೆಳಗಿನ ಬಸ್ಸಿಗೆ ಬರುವವರು. ಅರ್ಧ ದಾರಿ ನಿಂತುಕೊಂಡೇ ಬಂದರೂ ಬಂದ ಕೂಡಲೇ ಕುರ್ಚಿ ಹುಡುಕುತ್ತಿರಲಿಲ್ಲ. ಮೊದಲು ಲ್ಯಾಬಿಗೆ ಹೋಗಿ ಪ್ರತಿ ಕೀಲಿಮಣೆಗೂ ಒಮ್ಮೆ ಬಾಯಿಂದ ಉಫ್ ಎಂದು ಊದುತ್ತಿದ್ದರು. ಪೆನ್ನು ತುರುಬಿನಲ್ಲಿ. ಆಂಧ್ರದ ಗಡಿಯ ಹಳ್ಳಿಗಳಿಂದ ಬಂದ ಮಕ್ಕಳಿಗೆ ಪಾಠವನ್ನೆಲ್ಲ ಇನ್ನೊಮ್ಮೆ ತೆಲುಗಿನಲ್ಲಿ ಹೇಳುತ್ತಿದ್ದರು. ಕಂಪ್ಯೂಟರು ಕೆಟ್ಟರೆ ಕೆಟ್ಟಿತು ಎನ್ನುತ್ತಿರಲಿಲ್ಲ, "ಮುನಿಸ್ಕೊಂಡೈತಿ" ಎನ್ನುತ್ತಿದ್ದರು.

ಇಷ್ಟು ಹೇಳಿದರೆ ಸಾಧ್ವಿ ಎಂದುಕೊಳ್ಳಬೇಡಿ. ಬಾಯಿ ಹರಿತ. ಒಮ್ಮೆ ನಾನು ಮುಕ್ಕಾಲು ಗಂಟೆ ಒದ್ದಾಡಿದ ಒಂದು ಪ್ರಿಂಟರನ್ನು ಐದು ನಿಮಿಷದಲ್ಲಿ ಸರಿ ಮಾಡಿ, ವಿದ್ಯಾರ್ಥಿಗಳ ಎದುರಿಗೇ, "ಸರ, ನೀವು ಪುಸ್ತಕ ಓದೀರಿ. ಮಷೀನು ಪುಸ್ತಕ ಓದಿಲ್ಲ," ಎಂದಿದ್ದರು. ಮಕ್ಕಳು ನಕ್ಕರು. ನಾನೂ ನಕ್ಕೆ. ಆ ನಗೆಯನ್ನು ನಾನು ಮರೆಯಲಿಲ್ಲ ಎಂಬುದನ್ನು ಇಲ್ಲೇ ಹೇಳಿಬಿಡುವುದು ಒಳ್ಳೆಯದು.

ಬ್ಲಾಗಿನ ಕಥೆ ಶುರುವಾದದ್ದು ಗೋಡೆ ಪತ್ರಿಕೆಯಿಂದ. ವರಾಂಡದ ಗಾಜಿನ ಹಲಗೆಯಲ್ಲಿ ಹುಡುಗಿಯರು ತಿಂಗಳಿಗೊಮ್ಮೆ ಏನಾದರೂ ಬರೆದು ಅಂಟಿಸುತ್ತಿದ್ದರು. ಒಂದು ವರ್ಷ ಆಡಳಿತ ಮಂಡಳಿ ಅದರ ಮೇಲೆ ಪ್ರವೇಶದ ಜಾಹೀರಾತಿನ ಫ್ಲೆಕ್ಸ್ ಹೊಡೆಸಿತು. ಹುಡುಗಿಯರು ಬಂದು ಮೇಡಂ ಹತ್ತಿರ ಅತ್ತರಂತೆ. ಅವರು ನನ್ನ ಕೋಣೆಗೆ ಬಂದು, ಒಂದು ಬ್ಲಾಗ್ ಮಾಡೋಣವೇ ಎಂದು ಕೇಳಿದರು.

ನಾನು ಒಂದು ಉಪನ್ಯಾಸವನ್ನೇ ಕೊಟ್ಟೆ. ಮೊದಲು ಸರ್ವರ್ ಬೇಕು, ಅದರ ಮೇಲೆ ಡೇಟಾಬೇಸ್ ಕೂರಿಸಬೇಕು, ಇವೆರಡೂ ಒಂದಕ್ಕೊಂದು ಮಾತಾಡುವಂತೆ ಮಾಡಬೇಕು, ಎಲ್ಲವೂ ಹೊಂದಿಕೊಳ್ಳಬೇಕಾದರೆ ಒಂದು ಸೆಮಿಸ್ಟರ್ ಬೇಕು, ನಮ್ಮ ಲ್ಯಾಬಿನಲ್ಲಿ ಆಗುವ ಹೋಗುವ ಮಾತಲ್ಲ ಎಂದೆ. ಅವರು ತಲೆಯಾಡಿಸುತ್ತ ಕೇಳಿ ಹೋದರು. ಮೂರನೆಯ ದಿನ ಒಂದು ಪೆನ್‌ಡ್ರೈವ್ ತಂದು ನನ್ನ ಮೇಜಿನ ಮೇಲಿಟ್ಟರು.

"ಯಾರೋ ಪುಣ್ಯಾತ್ಮರು ಬುತ್ತಿ ಕಟ್ಟಿ ಇಟ್ಟಾರ್ರಿ ಸರ. ರೊಟ್ಟಿ, ಪಲ್ಯ, ಚಟ್ನಿ ಎಲ್ಲಾ ಒಳಗ ಐತಿ. ಬಿಚ್ಚಿ ಉಣ್ಣೋದಷ್ಟ."

ಅದು ಎಲ್ಲ ಮೊದಲೇ ಜೋಡಿಸಿಟ್ಟ ವರ್ಚುವಲ್ ಮಷೀನು. ಅಂದರೆ ಒಂದು ಕಂಪ್ಯೂಟರಿನ ಹೊಟ್ಟೆಯೊಳಗೆ ನಡೆಯುವ ಇನ್ನೊಂದು ಕಂಪ್ಯೂಟರು. ನಾನು ಹೇಳಿದ ಸರ್ವರು, ಡೇಟಾಬೇಸು, ಬ್ಲಾಗು, ಎಲ್ಲವನ್ನೂ ಎಲ್ಲಿಯದೋ ಊರಿನ ಯಾರೋ ಅದರಲ್ಲಿ ಕೂರಿಸಿ, ಒಂದೇ ಕಡತವಾಗಿ ಕಟ್ಟಿ, ಬೇಕಾದವರು ತೆಗೆದುಕೊಳ್ಳಲಿ ಎಂದು ಬಿಟ್ಟಿದ್ದರು. ಇಂಥದೊಂದು ಇದೆ ಎಂದು ನನಗೆ ಗೊತ್ತಿತ್ತು, ಪಾಠವನ್ನೂ ಮಾಡಿದ್ದೆ. ಉಪಯೋಗಿಸಬಹುದು ಎಂದು ಮಾತ್ರ ಹೊಳೆದಿರಲಿಲ್ಲ. ಸತ್ತ ಮೂರು ಕಂಪ್ಯೂಟರುಗಳ ಮೆಮೊರಿ ಕಿತ್ತು ಮೇಡಂ ಮೂಲೆಯ ಕಂಪ್ಯೂಟರಿಗೆ ಹಾಕಿದರು. ಆ ಕಡತವನ್ನು ಒಳಗೆ ಸೇರಿಸಿ, ಹಸಿರು ಬಾಣ ಒತ್ತಿದರು. ಹುಲಿಗೆಮ್ಮ ತಂದ ಚಹಾ ಆರುವುದರೊಳಗೆ ಪರದೆಯ ಮೇಲೆ ಬ್ಲಾಗು ತೆರೆದುಕೊಂಡಿತ್ತು. ಅದನ್ನು ಕಾಲೇಜಿನ ಹೊರಗೂ ಕಾಣುವಂತೆ ಮಾಡಲು ಇನ್ನೆರಡು ದಿನ ಹಿಡಿಯಿತು.

ಆ ಬುತ್ತಿಯ ಜೊತೆ ಊರಿಗೆಲ್ಲ ಗೊತ್ತಿರುವ ಒಂದು ಪಾಸ್‌ವರ್ಡ್ ಬಂದಿತ್ತು. ಅದನ್ನು ಮೊದಲ ದಿನವೇ ಬದಲಿಸಿದರು. ಖಾತೆಯ ಹೆಸರು ಮಾತ್ರ ಬಂದಂತೆಯೇ ಉಳಿಯಿತು. ಯಾರು ಏನೇ ಬರೆದರೂ ಕೊನೆಯಲ್ಲಿ ಒಂದೇ ಸಾಲು: ಪ್ರಕಟಿಸಿದವರು: ಅಡ್ಮಿನ್. ಬರೆದವರ ಹೆಸರು ಹಾಕಬಹುದಲ್ಲ ಎಂದು ಕೇಳಿದೆ. "ಹೆಸರು ಹಾಕ್ತೀವಿ ಅಂದ್ರ ಒಬ್ಬಾಕಿನೂ ಬರಿಯಂಗಿಲ್ರಿ," ಎಂದರು. ಕನ್ನಡವನ್ನಾದರೂ ತಿದ್ದಿ ಹಾಕಿ ಎಂದೆ. ಅದಕ್ಕೂ ಒಪ್ಪಲಿಲ್ಲ. "ನಾ ತಿದ್ದಿದ್ರ ಅದು ನಂದಾಗತೈತಿ. ಅವರದು ಅವರಂಗ ಇರಲಿ."

ಹುಡುಗಿಯರು ಬರೆದರು. ಜೀನ್ಸ್ ಘಟಕದಲ್ಲಿ ಕೆಲಸ ಮಾಡುವ ಅಮ್ಮ ಕಲಸಿದ ಅನ್ನದಲ್ಲಿ ನೀಲಿ ಬಣ್ಣದ ವಾಸನೆ ಬರುವುದನ್ನು ಒಬ್ಬಳು ಬರೆದಳು. ಸಿರುಗುಪ್ಪದ ಹೊಲಿಗೆ ಅಂಗಡಿಯವರ ಮಗಳು, ಅಬ್ಬಾ ರಂಜಾನ್ ತಿಂಗಳಲ್ಲಿ ಊರಿಗೆಲ್ಲ ಹೊಸ ಬಟ್ಟೆ ಹೊಲಿದು ತನ್ನ ಅಂಗಿಯ ಗುಂಡಿ ಹಾಕಿಕೊಳ್ಳಲು ಮರೆಯುವುದನ್ನು ಬರೆದಳು. ಸಿರಿಗೇರಿಯ ಹುಡುಗಿಯೊಬ್ಬಳು ತನ್ನ ಫೋನು ದಿನಾ ಸಂಜೆ ಅಣ್ಣನ ಕೈಗೆ ಹೋಗಿ, ಅವನು ಪೂರ್ತಿ ನೋಡಿದ ಮೇಲೆ ವಾಪಸು ಬರುತ್ತದೆ ಎಂದು ಬರೆದಳು. ಅಷ್ಟೇ ಬರೆದಿದ್ದಳು, ಬೈದಿರಲಿಲ್ಲ.

ಅದು ಊರಿನ ಫೋನುಗಳಲ್ಲೆಲ್ಲ ಓಡಾಡಿತು. ನಾಲ್ಕನೆಯ ದಿನ ಆ ಅಣ್ಣ ಇಬ್ಬರನ್ನು ಬೈಕಿನಲ್ಲಿ ಹೇರಿಕೊಂಡು ಕಾಲೇಜಿಗೆ ಬಂದ. ಲ್ಯಾಬಿನ ಬಾಗಿಲಲ್ಲಿ ನಿಂತು ಫೋನು ತೋರಿಸಿದ.

"ಇದನ್ನ ಯಾರು ಬರದಾರ ಹೇಳ್ರಿ ಮೇಡಂ. ಇದು ನಮ್ಮ ಊರಿನ ಮರ್ಯಾದಿ ಪ್ರಶ್ನೆ."

"ನಾನ ಬರದೀನಿ," ಎಂದರು ಅವರು. "ಕೆಳಗ ಅಡ್ಮಿನ್ ಅಂತ ಐತಲ್ಲ, ಅದು ನಾನ."

"ನಿಮಗ ಅಣ್ಣ ಅದಾನೇನು?"

"ಇದ್ದ. ಹಿಂಗ ಫೋನ್ ನೋಡತಿದ್ದ. ನಿಮ್ಮ ಮನಿಯಾಗೂ ಹಂಗ ನಡಿತೈತೇನು?"

ಅವನು ಜೊತೆಗೆ ಬಂದವರ ಮುಖ ನೋಡಿದ. ಅವರ ಎದುರು ಹೌದೆನ್ನುವಂತಿರಲಿಲ್ಲ. ಏನೋ ಗೊಣಗಿಕೊಂಡು ಇಳಿದು ಹೋದ. ಮೇಡಂಗೆ ಅಣ್ಣನಿರಲಿಲ್ಲ, ತಂಗಿ ಒಬ್ಬಳೇ. ಇದು ಕಾಲೇಜಿಗೆಲ್ಲ ಗೊತ್ತಿತ್ತು. ನಾನು ಆಗ ಪಕ್ಕದ ಕೋಣೆಯ ಬಾಗಿಲ ಹಿಂದೆ ನಿಂತಿದ್ದೆ. ವಿಭಾಗದ ಮುಖ್ಯಸ್ಥ ಹೊರಗೆ ಬರಬೇಕಾದ ಸಮಯ ಅದು ಎಂದು ನನಗೂ ತಿಳಿದಿತ್ತು. ಆ ಹುಡುಗಿ ಪದವಿ ಮುಗಿಸಿ ಈಗ ಸಿರುಗುಪ್ಪದ ಒಂದು ಶಾಲೆಯಲ್ಲಿ ಪಾಠ ಮಾಡುತ್ತಾಳೆ.

ಇನ್ನು ನನ್ನ ವಿಷಯ.

ಅದಾಗಿ ಎರಡು ವರ್ಷಕ್ಕೆ ಕಾಲೇಜಿಗೆ ತಪಾಸಣೆ ಸಮಿತಿ ಬರುವುದಿತ್ತು. ತೋರಿಸಲು ನಮ್ಮಲ್ಲಿ ಹೆಚ್ಚೇನಿರಲಿಲ್ಲ, ಬ್ಲಾಗು ಇತ್ತು. ಆಗಿನ ಪ್ರಾಂಶುಪಾಲರು ನನ್ನನ್ನು ಕರೆದು, "ಪಾರ್ಟ್ ಟೈಮಿನವರ ಹೆಸರು ಬ್ಯಾಡ್ರಿ. ಖಾಯಂ ಅಧ್ಯಾಪಕರು ಏನು ಮಾಡ್ಯಾರ ಅಂತ ಕೇಳ್ತಾರ ಅವರು," ಎಂದರು. ಬಹಳ ವರ್ಷ ಈ ಮಾತನ್ನು ನಾನು ನೆಪವಾಗಿ ಇಟ್ಟುಕೊಂಡಿದ್ದೆ. ಅವರು ಹೇಳಿದ್ದು ಅಷ್ಟೇ. ಮುಂದಿನದೆಲ್ಲ ನಾನೇ ಮಾಡಿದ್ದು.

ಸಮಿತಿ ಬರುವ ಹಿಂದಿನ ದಿನ ಮೇಡಂ ಪಕ್ಕದಲ್ಲಿ ಕುರ್ಚಿ ಎಳೆದು ಕುಳಿತು, ಒಂದು ಪರಿಚಯದ ಬರಹ ಹಾಕಬೇಕು, ನಾನು ಹೇಳುತ್ತೇನೆ, ಟೈಪ್ ಮಾಡಿ ಎಂದೆ. ಹೇಳಿದೆ: ಈ ಬ್ಲಾಗನ್ನು ಕಲ್ಪಿಸಿ, ಸ್ವತಃ ಕಟ್ಟಿ, ಬೆಳೆಸಿದವರು ನಮ್ಮ ವಿಭಾಗದ ಮುಖ್ಯಸ್ಥರು, ಅವರ ದೂರದೃಷ್ಟಿ ಮತ್ತು ಅವಿರತ ಶ್ರಮದ ಫಲವಿದು. ಅವಿರತ ಶ್ರಮ ಎಂಬ ಮಾತನ್ನೂ ಬಿಡಲಿಲ್ಲ ನಾನು. ಅವರ ಬೆರಳು ಒಮ್ಮೆಯೂ ತಡೆಯಲಿಲ್ಲ. ಹೆಸರಿನ ಜಾಗ ಬಂದಾಗ ಮಾತ್ರ ಕೇಳಿದರು.

"ಪೂರ್ತಿ ಹೆಸರು ಹಾಕಲೇನ್ರಿ ಸರ, ಇನಿಷಿಯಲ್ ಸಾಕೋ?"

"ಪೂರ್ತಿ ಹಾಕ್ರಿ," ಎಂದೆ. ಎಲ್ಲಕ್ಕಿಂತ ಮೇಲೆ ಇರುವಂತೆ ಅಂಟಿಸಿ ಎಂದೂ ಹೇಳಿದೆ. ಅಂಟಿಸಿದರು.

ಮರುದಿನ ಸಮಿತಿಯವರು ಲ್ಯಾಬಿಗೆ ಬಂದರು. ಅಧ್ಯಕ್ಷರು ಹುಡುಗಿಯರ ನಾಲ್ಕೈದು ಬರಹ ಓದಿ ಖುಷಿಪಟ್ಟು, "ಈ ಅಡ್ಮಿನ್ ಯಾರು?" ಎಂದು ಕೇಳಿದರು. ಮೇಡಂ ಹಿಂದೆ ಯುಪಿಎಸ್ ಪಕ್ಕದಲ್ಲಿ ನಿಂತಿದ್ದರು. ಪಾರ್ಟ್ ಟೈಮಿನವರನ್ನು ಸಮಿತಿಗೆ ಪರಿಚಯಿಸುವ ಪದ್ಧತಿ ಇರಲಿಲ್ಲ. "ನಾನೇ ಸರ್," ಎಂದೆ. ಎಲ್ಲರೂ ಚಪ್ಪಾಳೆ ತಟ್ಟಿದರು. ಅವರೂ ತಟ್ಟಿದರೋ ಇಲ್ಲವೋ, ಹಿಂತಿರುಗಿ ನೋಡುವ ತಾಕತ್ತು ನನಗಿರಲಿಲ್ಲ. ಆ ವರ್ಷವೇ ಉಪಪ್ರಾಂಶುಪಾಲ ಹುದ್ದೆ ನನ್ನ ಪಾಲಿಗೆ ಬಂತು.

ಮರುವರ್ಷ ವಿದ್ಯಾರ್ಥಿಗಳು ಕಡಿಮೆಯಾದರು. ಇಬ್ಬರು ಪಾರ್ಟ್ ಟೈಮಿನವರಲ್ಲಿ ಒಬ್ಬರು ಸಾಕು ಎಂದು ಆಡಳಿತ ಮಂಡಳಿ ತೀರ್ಮಾನಿಸಿತು. ಕಾಲೇಜಿಗಾಗಿ ವಿಶೇಷವಾಗಿ ಏನಾದರೂ ಮಾಡಿದವರನ್ನು ಉಳಿಸಿಕೊಳ್ಳುತ್ತೇವೆ, ಮುಖ್ಯಸ್ಥರಿಂದ ಪತ್ರ ತನ್ನಿ ಎಂದಿತು. ಹದಿನಾಲ್ಕು ವರ್ಷದಲ್ಲಿ ಒಂದು ರಜೆಯ ಚೀಟಿ ಬಿಟ್ಟರೆ ನನ್ನಿಂದ ತಮಗಾಗಿ ಏನನ್ನೂ ಕೇಳದವರು ಅಂದು ಬಂದು ಮೇಜಿನ ಎದುರು ನಿಂತರು.

"ಬ್ಲಾಗ್ ನಾ ಮಾಡೀನಿ ಅಂತ ಒಂದು ಸಾಲು ಬರದು ಕೊಡ್ರಿ ಸರ. ಸಮಿತಿಗೆ ಯಾರೂ ತೋರಿಸಂಗಿಲ್ಲ ಅದನ್ನ. ಮಂಡಳಿಯವರ ಫೈಲಿನ್ಯಾಗ ಇರತೈತಿ."

ಒಂದು ಸಾಲು. ಆದರೆ ಆ ಸಾಲು ಫೈಲಿನಲ್ಲಿ ಕುಳಿತರೆ ನನ್ನ ಚಪ್ಪಾಳೆಯ ಗತಿ ಏನು ಎಂದು ಎರಡು ದಿನ ಯೋಚಿಸಿದೆ. ಮೂರನೆಯ ದಿನ ಬರೆದುಕೊಟ್ಟೆ: ಇವರು ಪ್ರಯೋಗಾಲಯದ ಕೆಲಸಗಳಲ್ಲಿ ನೆರವಾಗಿರುತ್ತಾರೆ. ಸಹಿ, ಮೊಹರು.

ಎರಡು ಸಲ ಓದಿದರು. ನಾಲ್ಕು ಮಡಿಕೆ ಮಾಡಿ ಪರ್ಸಿನಲ್ಲಿಟ್ಟುಕೊಂಡರು. "ಸುಳ್ಳೇನು ಬರದಿಲ್ರಿ ನೀವು. ಕಸ ಹೊಡದದ್ದೂ ನೆರವ," ಎಂದರು. ದನಿ ಏರಿಸಲಿಲ್ಲ. ಕೆಲಸ ಇನ್ನೊಬ್ಬರಿಗೆ ಉಳಿಯಿತು. ಇವರು ಕುರುಗೋಡಿನ ಬಸ್ ನಿಲ್ದಾಣದ ಹತ್ತಿರ ತಂಗಿಯ ಜೊತೆ ಝೆರಾಕ್ಸ್ ಅಂಗಡಿ ಇಟ್ಟು, ಜನರಿಗೆ ಪಹಣಿ, ಜಾತಿ ಪ್ರಮಾಣಪತ್ರದ ಅರ್ಜಿ ತುಂಬಿಕೊಡುತ್ತಿದ್ದಾರೆ ಎಂದು ಯಾರೋ ಹೇಳಿದರು. ಒಳ್ಳೆಯದಾಯಿತು, ಮನೆ ಹತ್ತಿರವೇ ಕೆಲಸ ಎಂದು ಸ್ಟಾಫ್ ರೂಮಿನಲ್ಲಿ ನಾವು ಮಾತಾಡಿಕೊಂಡೆವು.

ಬ್ಲಾಗು ಮಾತ್ರ ನಿಲ್ಲದೆ ನಡೆಯಿತು. ರೆಡಿ ಮಷೀನಲ್ಲವೇ, ತಾನಾಗಿಯೇ ನಡೆಯುತ್ತದೆ ಎಂದುಕೊಂಡಿದ್ದೆ. ನನ್ನ ಬೀಳ್ಕೊಡುಗೆಯ ದಿನ ನಾಲ್ಕು ಜನ ಭಾಷಣದಲ್ಲಿ ಅದನ್ನು ಹೊಗಳಿದರು. ಬೇಸಿಗೆಯಲ್ಲಿ ದಿನಕ್ಕೆರಡು ಸಲ ಕರೆಂಟ್ ಹೋಗುವ ಊರಿದು. ಪ್ರತಿ ಸಲವೂ ಕುರುಗೋಡಿನಲ್ಲಿ ಒಬ್ಬ ಹೆಂಗಸು ತನ್ನನ್ನು ಕೈಬಿಟ್ಟ ಕಾಲೇಜಿಗೆ ಫೋನ್ ಮಾಡಿ, ಹುಲಿಗೆಮ್ಮನಿಂದ ಬಾಣ ಒತ್ತಿಸಿ, ಉಳಿದದ್ದನ್ನು ತಾನು ಕುಳಿತಲ್ಲಿಂದಲೇ ಸರಿಪಡಿಸುತ್ತಿದ್ದರು ಎಂಬುದು ನನ್ನ ತಲೆಗೆ ಬರಲಿಲ್ಲ. ಯಾಕೆ ಮಾಡುತ್ತಿದ್ದರು ಎಂದು ಹುಲಿಗೆಮ್ಮನನ್ನು ಕೇಳಿದೆ. "ಹುಡುಗ್ಯಾರು ಬರದದ್ದು ಅದರಾಗ ಐತಲ್ರಿ," ಎಂದಳು, ಇದನ್ನೂ ಕೇಳಬೇಕೇ ಎನ್ನುವಂತೆ.

ಹಸಿರು ಬಾಣ ಒತ್ತಿದೆವು. ಕಪ್ಪು ಪರದೆ ಬಂದು ಪಾಸ್‌ವರ್ಡ್ ಕೇಳಿತು. ಮರುದಿನ ಕುರುಗೋಡಿನ ಬಸ್ಸು ಹತ್ತಿದೆ.

ಅಂಗಡಿಯಲ್ಲಿ ತಂಗಿ ಒಬ್ಬ ಮುದುಕಿಯ ಅರ್ಜಿ ತುಂಬುತ್ತಿದ್ದರು. ಮುಖ ಅಕ್ಕನದೇ. ನಾನು ಯಾರೆಂದು ಹೇಳಿದೆ. ಕೂರಿ ಎನ್ನಲಿಲ್ಲ. ಅರ್ಜಿ ಪೂರ್ತಿ ತುಂಬಿ, ಮುದುಕಿಯ ಹೆಬ್ಬೆಟ್ಟು ಒತ್ತಿಸಿ, ಅವಳನ್ನು ಕಳಿಸಿದ ಮೇಲೆ ಡ್ರಾಯರಿನಿಂದ ಒಂದು ನೋಟ್‌ಬುಕ್ ತೆಗೆದರು.

"ಅಕ್ಕ ಇದನ್ನ ನಿಮಗ ಅಂತ ಬರದಿಟ್ಟಿದ್ಲು. ಅವರು ಇಲ್ಲಿಗೆ ಬರಲಿಲ್ಲಂದ್ರ ಅಂತ ಕೇಳಿದೆ. ಬರ್ತಾರ, ಸಮಿತಿ ಬಂದಾಗ ಬಂದ ಬರ್ತಾರ ಅಂದ್ಲು."

ಬಸ್ಸಿನಲ್ಲಿ ತೆರೆದೆ. ದುಂಡಗಿನ ಅಕ್ಷರ. ಹುಲಿಗೆಮ್ಮನ ಕಡೆಯಿಂದ ಬಾಣ ಒತ್ತಿಸಿರಿ. ಕರಿ ಪರದೆ ಬಂದರೆ ಹೆದರಬೇಡಿರಿ. ಪಾಸ್‌ವರ್ಡ್ ಹೊಡೆಯುವಾಗ ಅಕ್ಷರ ಕಾಣುವುದಿಲ್ಲ, ಕೆಟ್ಟಿದೆ ಎಂದುಕೊಳ್ಳಬೇಡಿರಿ. ಹುಡುಗಿಯರ ಬರಹಗಳ ನಕಲನ್ನು ತಿಂಗಳಿಗೊಮ್ಮೆ ಬೇರೆ ಕಡೆ ತೆಗೆದಿಡಿರಿ, ಇದನ್ನು ಮರೆಯಬೇಡಿರಿ. ನನಗೆ ಏನೇನು ಗೊತ್ತಿಲ್ಲ ಎಂಬುದು ನನಗಿಂತ ಚೆನ್ನಾಗಿ ಅವರಿಗೆ ಗೊತ್ತಿತ್ತು. ನನ್ನನ್ನು ಬೈದ ಒಂದು ಸಾಲಾದರೂ ಇರಬಹುದೆಂದು ಕೊನೆಯ ಪುಟದವರೆಗೂ ಹುಡುಕಿದೆ. ಇರಲಿಲ್ಲ. ಇದ್ದಿದ್ದರೆ ಎಷ್ಟೋ ಹಗುರವಾಗುತ್ತಿತ್ತು.

ಅವರು ಹೇಳಿದಂತೆ ಮಾಡಿದೆ, ಬ್ಲಾಗು ಎದ್ದು ನಿಂತಿತು. ಆಗ ನನಗೆ ಒಳ್ಳೆಯವನಾಗುವ ಹುಕಿ ಬಂತು. ಒಳಗೆ ಹೋಗಿ ಅಡ್ಮಿನ್ ಎಂಬ ಹೆಸರನ್ನು ಅಳಿಸಿ, ಆ ಜಾಗದಲ್ಲಿ ಅವರ ಪೂರ್ತಿ ಹೆಸರು ಹಾಕಿದೆ. ಒಂದೇ ಕಡೆ ಬದಲಿಸಿದರೆ ಸಾಕು, ಅಷ್ಟೂ ಬರಹಗಳ ಕೆಳಗೆ ಪ್ರಕಟಿಸಿದವರು ಎಂದು ಅವರ ಹೆಸರು ಬಂತು. ಕಣ್ಣು ಒದ್ದೆಯಾಯಿತು. ಕೂಡಲೇ ತಂಗಿಗೆ ಫೋನ್ ಮಾಡಿ, ನೋಡಿ ಎಂದೆ.

ಅವರು ತೆರೆದರು. ಆಮೇಲೆ ಎಲ್ಲಕ್ಕಿಂತ ಮೇಲಿದ್ದುದನ್ನು ನಿಧಾನವಾಗಿ ಓದತೊಡಗಿದರು. "ಈ ಬ್ಲಾಗನ್ನು ಕಲ್ಪಿಸಿ, ಸ್ವತಃ ಕಟ್ಟಿ, ಬೆಳೆಸಿದವರು ನಮ್ಮ ವಿಭಾಗದ ಮುಖ್ಯಸ್ಥರು..." ನನ್ನ ಹೆಸರನ್ನೂ ಬಿಡದೆ ಓದಿದರು. "ಇದರ ಕೆಳಗ ನಮ್ಮಕ್ಕನ ಹೆಸರೈತಿ. ಇದನ್ನ ನಮ್ಮಕ್ಕ ಬರದಾಳೇನ್ರಿ?"

ನನಗೆ ಅದರ ನೆನಪೇ ಆಗಿರಲಿಲ್ಲ. ಮಾಡಿದವನಿಗೆ ಮರೆಯುವುದು ಎಷ್ಟು ಸುಲಭ ನೋಡಿ.

"ಟೈಪ್ ಮಾಡಿದ್ದು ಅವರು. ಹೇಳಿ ಬರೆಸಿದ್ದು ನಾನು," ಎಂದೆ. "ಈಗಲೇ ಅಳಿಸ್ತೀನಿ."

"ಅಳಿಸಬ್ಯಾಡ್ರಿ. ಅಳಿಸಿದ್ರ ನೀವು ಹಿಂಗ ಹೇಳಿದ್ರಿ ಅಂತ ಯಾರಿಗೂ ಗೊತ್ತಾಗಂಗಿಲ್ಲ. ಅದೊಂದರ ಕೆಳಗ ಅಕ್ಕನ ಹೆಸರು ತಗದು ನಿಮ್ಮ ಹೆಸರು ಹಾಕ್ರಿ. ಇದ್ದಲ್ಲೇ ಇರಲಿ ಅದು."

ಅದನ್ನು ಹೇಗೆ ಮಾಡುವುದೆಂದು ನೋಟ್‌ಬುಕ್ಕಿನಲ್ಲಿರಲಿಲ್ಲ. ನನ್ನ ಹೆಸರಿನಲ್ಲಿ ಹೊಸ ಖಾತೆ ತೆರೆದು, ಆ ಒಂದು ಬರಹವನ್ನು ಅದಕ್ಕೆ ವರ್ಗಾಯಿಸಲು ಇಡೀ ಮಧ್ಯಾಹ್ನ ಹಿಡಿಯಿತು. ಆ ಮಷೀನಿನಲ್ಲಿ ನಾನು ಸ್ವಂತವಾಗಿ ಮಾಡಿದ ಕೆಲಸ ಅದೊಂದೇ.

ಸಮಿತಿ ಬಂತು. ಬ್ಲಾಗು ಕಟ್ಟಿದವರೆಂದು ಪ್ರಾಂಶುಪಾಲರು ನನ್ನನ್ನೂ ಕರೆಸಿ ಮುಂದಿನ ಸಾಲಿನಲ್ಲಿ ಕೂರಿಸಿದ್ದರು. ಈ ಸಲದ ಅಧ್ಯಕ್ಷರು ಒಬ್ಬ ಹೆಂಗಸು. ಮೊದಲ ಬರಹವನ್ನು ಓದಿ, ಕೆಳಗಿನ ಹೆಸರು ನೋಡಿ, ಕನ್ನಡಕ ತೆಗೆದು ನನ್ನ ಕಡೆ ತಿರುಗಿದರು.

"ಇದು ನೀವೇ ಅಲ್ವಾ? ನಿಮ್ಮನ್ನ ನೀವೇ ಹೊಗಳಿಕೊಂಡಿದೀರಾ?"

"ಹೌದು ಮೇಡಂ," ಎಂದೆ. ಪ್ರಾಂಶುಪಾಲರು ಕೆಮ್ಮಿದರು.

ಅವರು ಮುಂದಕ್ಕೆ ಓದುತ್ತ ಹೋದರು. ಜೀನ್ಸ್ ಘಟಕದ ಅಮ್ಮನನ್ನು ಓದಿದರು, ಸಿರಿಗೇರಿಯ ಫೋನನ್ನು ಓದಿದರು. ಬಹಳ ಹೊತ್ತು ಓದಿದರು. "ಉಳಿದಿದ್ದಕ್ಕೆಲ್ಲ ಬೇರೆ ಒಂದೇ ಹೆಸರಿದೆಯಲ್ಲ, ಇವರು ಯಾರು?"

"ಇದನ್ನು ಕಟ್ಟಿದವರು ಅವರೇ ಮೇಡಂ. ನಾನಲ್ಲ."

ಚಹಾದ ತಟ್ಟೆ ಹಿಡಿದಿದ್ದ ಹುಲಿಗೆಮ್ಮ ನಿಂತಲ್ಲೇ ನಿಂತಳು.

"ಹಾಗಾದ್ರೆ ಅವರನ್ನ ಕರೀರಿ," ಎಂದು ಅಧ್ಯಕ್ಷರು ಪಕ್ಕದ ಖಾಲಿ ಕುರ್ಚಿಯನ್ನು ಸರಿಸಿದರು. "ನಾನು ಅವರ ಹತ್ರ ಮಾತಾಡ್ಬೇಕು."